ನಗರಸಭಾ ಸದಸ್ಯನ ಸೇವಾಜೀವನವೂ ನಮ್ಮ ಹೊಣೆಯೂ

(ಧರ್ಮಕೇಂದ್ರದ ಶತಮಾನೋತ್ಸವದ ಅಂಗವಾಗಿ ಏರ್ಪಟ್ಟಿದ್ದ ಉಪನ್ಯಾಸಮಾಲೆಯಲ್ಲಿ ಮಾಡಿದ ಭಾಷಣ)



ದೇವಾಲಯವೊಂದರ ನೂರನೆಯ ವರ್ಷದ ಉತ್ಸವದಲ್ಲಿ ನಗರಸಭಾ ಸದಸ್ಯನ ವಿಷಯವಾಗಿ ಮಾತನಾಡಬೇಕೆಂದು ಸ್ವಾಗತ ಸಮಿತಿಯವರು ನಮ್ಮನ್ನು ಕೇಳಿಕೊಂಡಾಗ ನಮಗೆ ತುಸು ಆಶ್ಚರ್ಯವಾಯಿತೆಂಬುದನ್ನು ಮುಚ್ಚಿಡುವುದಿಲ್ಲ. ಇಂತಹ ಸಂದರ್ಭದಲ್ಲಿ ಧರ್ಮಪ್ರಚಾರಕರ ತ್ಯಾಗವನ್ನು, ದೇವಾಲಯ ಕಟ್ಟಿದ ಗುರುಗಳ ಶ್ರಮವನ್ನು ಸ್ಮರಿಸುವುದು ವಾಡಿಕೆ. ಅವನ್ನು ಸ್ಮರಿಸುವ ಲೇಖನಗಳು ಈ ಸಂಚಿಕೆಯಲ್ಲಿ ಬೇರೆಯಾಗಿ ಇವೆ. ಆದರೆ ಸ್ವಲ್ಪ ಯೋಚಿಸಿದಾಗ ಸಮಿತಿಯವರ ಆಯ್ಕೆ ಉಚಿತವೆಂದೇ ತೋರಿತು. ಪ್ರತಿ ಭಾನುವಾರ ಬಲಿಪೂಜೆಗೆ ಬರುವ ನಾವು ಮನೆಯಿಂದ ದೇವಾಲಯದ ಹೊಸ್ತಿಲವರೆಗೆ ನಡೆಯುವುದು ನಗರಸಭೆಯ ರಸ್ತೆಯ ಮೇಲೆ. ಜ್ಞಾನಸ್ನಾನ ಪಡೆದ ಮಗುವಿನ ಹೆಸರು ದೇವಾಲಯದ ದಾಖಲೆ ಪುಸ್ತಕದಲ್ಲಿ ಬರೆಯಲ್ಪಡುವಂತೆ ಅದರ ಜನನವು ಪಾಲಿಕೆಯ ಪುಸ್ತಕದಲ್ಲಿಯೂ ಬರೆಯಲ್ಪಡುತ್ತದೆ. ಕೊನೆಗೊಂದು ದಿನ ನಮ್ಮ ದೇಹವನ್ನು ಹೊರುವಾಗಲೂ ಪಾಲಿಕೆಯ ಒಂದು ಕಾಗದ ಜೊತೆಗೆ ಇರಲೇಬೇಕು. ತೊಟ್ಟಿಲಿನಿಂದ ಸಮಾಧಿಯವರೆಗೆ ಧರ್ಮಸಭೆಯ ಜೊತೆಜೊತೆಗೇ ನಡೆಯುವ ಈ ಇನ್ನೊಂದು ಸಭೆಯ ಬಗೆಗೆ ನಾವು ತಿಳಿದಿರುವುದು ಮಾತ್ರ ಅತ್ಯಲ್ಪ.

ನಮ್ಮ ದೇವಾಲಯದ ಅಸ್ತಿಭಾರದ ಕಲ್ಲನ್ನು ಇಟ್ಟ ಕಾಲದಲ್ಲಿ ಈ ಪ್ರದೇಶವು ಮೈಸೂರು ಮಹಾರಾಜರ ಆಡಳಿತಕ್ಕೆ ಒಳಪಟ್ಟಿರಲಿಲ್ಲವೆಂಬುದು ಇಂದಿನ ಯುವಕರಿಗೆ ಕಥೆಯಂತೆ ಕೇಳಿಸೀತು. 1809ರ ಸುಮಾರಿಗೆ ಹಲಸೂರಿನ ಬಳಿ ನೆಲೆಯೂರಿದ ದಂಡು, ಸೈನಿಕರನ್ನಷ್ಟೇ ಅಲ್ಲದೆ ಅವರನ್ನು ನಂಬಿ ಬಂದ ವ್ಯಾಪಾರಿಗಳು, ಬಾಣಸಿಗರು, ದರ್ಜಿಗಳು, ಗಾರೆ ಕೆಲಸದವರು, ಅಗಸರು ಮುಂತಾದವರನ್ನು ಇಲ್ಲಿಗೆ ಕರೆತಂದಿತು. ನಮ್ಮಲ್ಲಿ ಅನೇಕರ ಹಿರಿಯರು ಬಂದದ್ದು ಹೀಗೆಯೇ. 1862ರಲ್ಲಿ ಬೆಂಗಳೂರು ನಗರಕ್ಕೆ ಒಂದು ಪೌರಮಂಡಲಿ ಏರ್ಪಟ್ಟಿತು. ಅದರ ಬೆನ್ನಿಗೇ ದಂಡುಪ್ರದೇಶಕ್ಕೂ ಪ್ರತ್ಯೇಕವಾದ ಮಂಡಲಿಯೊಂದು ಏರ್ಪಟ್ಟಿತು. 1881ರಲ್ಲಿ ಮೈಸೂರು ರಾಜ್ಯವು ಒಡೆಯರ ವಂಶಕ್ಕೆ ಹಿಂತಿರುಗಿದಾಗ ದಂಡುಪ್ರದೇಶ ಮಾತ್ರ ‘ಸಿವಿಲ್ ಅಂಡ್ ಮಿಲಿಟರಿ ಸ್ಟೇಷನ್’ ಎಂಬ ಹೆಸರಿನಿಂದ ಬ್ರಿಟಿಷ್ ರೆಸಿಡೆಂಟರ ಅಧೀನದಲ್ಲಿಯೇ ಉಳಿಯಿತು.

1882ರ ಮೇ 18ರಂದು ಗವರ್ನರ್ ಜನರಲ್ ರಿಪನ್ನರ ಸರ್ಕಾರ ಸ್ಥಳೀಯ ಸ್ವಯಮಾಡಳಿತದ ಬಗೆಗೆ ಪ್ರಸಿದ್ಧವಾದ ತನ್ನ ನಿರ್ಣಯವನ್ನು ಹೊರಡಿಸಿತು. ಜನರು ತಮ್ಮ ಊರಿನ ಕೆಲಸವನ್ನು ತಾವೇ ನೋಡಿಕೊಳ್ಳುತ್ತ ರಾಜ್ಯಕಾರ್ಯವನ್ನು ಕಲಿಯಲಿ ಎಂಬುದು ಅದರ ಸಾರ. ಅದೇ ವರ್ಷದ ಸೆಪ್ಟೆಂಬರ್ 8ರಂದು, ಇಂದು ಶಿವಾಜಿನಗರವೆನಿಸಿರುವ ಅಂದಿನ ಬ್ಲಾಕ್‌ಪಲ್ಲಿಯಲ್ಲಿ, ಫಾದರ್ ಕ್ಲೈನರ್ ಅವರು ಕಟ್ಟಿಸಿದ ಸಂತ ಮೇರಿ ದೇವಾಲಯದ ಪವಿತ್ರೀಕರಣ ನಡೆಯಿತು. ಒಂದೇ ವರ್ಷದಲ್ಲಿ ಜರುಗಿದ ಈ ಎರಡು ಘಟನೆಗಳಿಗೆ ಪರಸ್ಪರ ಸಂಬಂಧವಿಲ್ಲವಾದರೂ, ಇವೆರಡೂ ನಮ್ಮ ಹಿರಿಯರ ಬಾಳಿನಲ್ಲಿ ಸೇರಿಕೊಂಡವು.

ಸ್ಟೇಷನ್ನಿನ ಪೌರಸಭೆಗಾಗಿ ದಂಡುಪ್ರದೇಶವನ್ನು ಆರು ವಿಭಾಗಗಳಾಗಿ ವಿಂಗಡಿಸಿದ್ದರು: ಹಲಸೂರು, ದಕ್ಷಿಣ ವಿಭಾಗ, ಪೂರ್ವ ಜನರಲ್ ಬಜಾರು, ಪಶ್ಚಿಮ ಜನರಲ್ ಬಜಾರು, ಕ್ಲೀವ್‌ಲೆಂಡ್ ಟೌನ್ ಮತ್ತು ಹೈಗ್ರೌಂಡ್. ಮತ ನೀಡುವ ಹಕ್ಕು ತೆರಿಗೆ ಕೊಡುವ ಸ್ಥಿತಿವಂತರಿಗೆ ಮಾತ್ರ ಇದ್ದಿತು. ಗುಡಿಸಲಿನಲ್ಲಿ ವಾಸಿಸುತ್ತಿದ್ದವರಿಗೆ ಅಲ್ಲಿ ಬಾಯಿ ಇರಲಿಲ್ಲ. ಆದರೂ ಅಂಗಡಿಬೀದಿಯ ಗಲೀಜು, ಸಿಡುಬು, ಕೆರೆಯ ನೀರು, ಕಸಾಯಿಖಾನೆ, ಬೀದಿಯ ದೀಪ ಮುಂತಾದುವುಗಳ ಚರ್ಚೆ ಅಧಿಕಾರಿಯ ಕೋಣೆಯಿಂದ ಸಭೆಯ ಮೇಜಿನ ಮೇಲಕ್ಕೆ ಬಂದದ್ದು ಸಣ್ಣ ಸಂಗತಿಯಲ್ಲ. ಲಾರ್ಡ್ ಮೇಯೊ ಅವರ ಸ್ಮಾರಕವಾಗಿ ನಿಂತ ಮೇಯೊ ಹಾಲ್ ಆ ಪೌರಸಭೆಯ ಕಚೇರಿಗೆ ಆಶ್ರಯವಿತ್ತಿತು. ಇಂದು ನಾವು ತರಕಾರಿ, ಮಾಂಸ, ಹೂವುಗಳಿಗಾಗಿ ಹೋಗುವ ರಸೆಲ್ ಮಾರುಕಟ್ಟೆ 1933ರಲ್ಲಿ ಪ್ರಾರಂಭವಾಯಿತು. ಅದಕ್ಕೆ ಅಂಟಿಕೊಂಡಿರುವುದು ಅಂದಿನ ಪೌರಾಡಳಿತದ ಅಧಿಕಾರಿಯೊಬ್ಬರ ಹೆಸರೇ.

1898ರ ಆಗಸ್ಟ್ ತಿಂಗಳಲ್ಲಿ ಬೆಂಗಳೂರಿಗೆ ಬಂದ ಪ್ಲೇಗ್ ಮಹಾಮಾರಿಯು ಪೌರಸಭೆ ಎಂದರೇನೆಂಬುದನ್ನು ಜನರಿಗೆ ಕಣ್ಣಾರೆ ತೋರಿಸಿತು. ಗಾಳಿ ಬೆಳಕಿಲ್ಲದ ಇಕ್ಕಟ್ಟಿನ ಮನೆಗಳಲ್ಲಿ ಇಲಿ ಸತ್ತು ಬಿದ್ದೊಡನೆ ಇಡೀ ಸಾಲು ಮನೆಗಳೇ ಬರಿದಾದವು. ರೋಗಿಗಳ ಶುಶ್ರೂಷೆಯೆಂಬ ಹೊಣೆಯನ್ನು ನಮ್ಮವರು ಮೊದಲೇ ಹೊತ್ತಿದ್ದರು. ಗುಡ್ ಶೆಫರ್ಡ್ ಧರ್ಮಭಗಿನಿಯರು 1886ರಲ್ಲಿಯೇ ಸಂತ ಮಾರ್ತಾ ಆಸ್ಪತ್ರೆಯನ್ನು ಆರಂಭಿಸಿದ್ದರು. ಆದರೆ ರೋಗಿಯ ಮಂಚದ ಬಳಿ ಎಷ್ಟು ಮಂದಿ ಭಗಿನಿಯರು ನಿಂತರೂ ಚರಂಡಿ ಸರಿಹೋಗುವುದಿಲ್ಲ, ಗೋಡೆಗೆ ಕಿಟಕಿ ಬರುವುದಿಲ್ಲ. ಅದು ಪೌರಸಭೆಯ ಕೆಲಸ. ಇಕ್ಕಟ್ಟನ್ನು ತಪ್ಪಿಸಲು ಅಗಲವಾದ ಬೀದಿಗಳೊಡನೆ ಹೊಸ ಬಡಾವಣೆಯೊಂದನ್ನು ಯೋಜಿಸಿ, 1906ರಲ್ಲಿ ಅದಕ್ಕೆ ಅಸ್ತಿಭಾರ ಹಾಕಿದರು. ಅಂದಿನ ರೆಸಿಡೆಂಟ್ ಫ್ರೇಸರರ ಹೆಸರಿನ ಆ ಫ್ರೇಸರ್ ಟೌನ್ ದಂಡುಪ್ರದೇಶವು ಪ್ಲೇಗಿನಿಂದ ಕಲಿತ ಪಾಠ. ದಯೆಗೂ ಆಡಳಿತಕ್ಕೂ ಇರುವ ನಂಟು ಇದರಲ್ಲಿ ಸ್ಪಷ್ಟವಾಗಿದೆ.

ಸ್ವಾತಂತ್ರ್ಯದ ಹೊಸ್ತಿಲಿನಲ್ಲಿ, 1947ರ ಜುಲೈ 26ರಂದು, ದಂಡುಪ್ರದೇಶ ಮೈಸೂರಿಗೆ ಮರಳಿತು. 1949ರ ಡಿಸೆಂಬರಿನಲ್ಲಿ ನಗರ ಮತ್ತು ದಂಡು ಎಂಬ ಎರಡು ಪೌರಸಭೆಗಳು ಒಂದಾಗಿ ಬೆಂಗಳೂರು ಮಹಾನಗರ ಪಾಲಿಕೆಯಾಯಿತು. ಎಪ್ಪತ್ತು ಸದಸ್ಯರ ಆ ಸಭೆಗೆ 1950ರಲ್ಲಿ ಮೊದಲ ಚುನಾವಣೆ ನಡೆಯಿತು. ಅಲ್ಲಿಯವರೆಗೆ ಕಬ್ಬನ್ ಉದ್ಯಾನದ ಆಚೆಯವರು, ಈಚೆಯವರು ಎಂದು ಬಾಳಿದ್ದ ಎರಡು ಊರುಗಳ ಜನ ಒಂದೇ ಸಭಾಂಗಣದಲ್ಲಿ ಕುಳಿತುಕೊಳ್ಳಬೇಕಾಯಿತು. ತಮಿಳು, ಉರ್ದು, ತೆಲುಗು, ಇಂಗ್ಲಿಷು, ಕನ್ನಡ ಎಲ್ಲವೂ ಒಂದೇ ಬೀದಿಯಲ್ಲಿ ಕೇಳಿಬರುವ ನಮ್ಮ ಕಡೆಯಿಂದ ಆರಿಸಿಹೋದವನು ಎಲ್ಲ ಮನೆಗಳ ಮಾತನ್ನೂ ಅರಿತು, ಅದನ್ನು ಸಭೆಯಲ್ಲಿ ಎಲ್ಲರಿಗೂ ತಿಳಿಯುವಂತೆ ನುಡಿಯಬೇಕಾಗಿತ್ತು. ಈ ಕೆಲಸ ಇಂದಿಗೂ ಹಗುರವಾಗಿಲ್ಲ.

ಪಾಲಿಕೆಯ ಪೀಠ ಸಾಮಾನ್ಯರಿಗೂ ದಕ್ಕಬಲ್ಲದೆಂಬುದನ್ನು ಮೊದಲ ಹದಿನೈದು ವರ್ಷಗಳಲ್ಲಿಯೇ ಕಂಡೆವು. 1959ರಲ್ಲಿ ಇಂದಿರಮ್ಮನವರು ಬೆಂಗಳೂರಿನ ಪ್ರಥಮ ಮಹಿಳಾ ಮೇಯರ್ ಆದರು. ಮದ್ದೂರು ತಾಲ್ಲೂಕಿನ ಹಳ್ಳಿಯೊಂದರಿಂದ ಬಂದ ಜಿ. ನಾರಾಯಣ ಅವರು ಪಾಲಿಕೆಯ ಸದಸ್ಯರಾಗಿ ದುಡಿದು 1964ರಲ್ಲಿ ಮೇಯರ್ ಆದರು. ಪಾಲಿಕೆಯ ಕಡತಗಳಲ್ಲಿ ಕನ್ನಡಕ್ಕೆ ಸ್ಥಾನ ದೊರಕಿಸಿಕೊಡಲು ಶ್ರಮಿಸಿ, ‘ಕನ್ನಡದ ಮೇಯರ್’ ಎಂದು ಜನರಿಂದ ಕರೆಸಿಕೊಂಡರು. ಮುಂದೆ 1969ರಿಂದ 1978ರವರೆಗೆ ಕನ್ನಡ ಸಾಹಿತ್ಯ ಪರಿಷತ್ತಿನ ಅಧ್ಯಕ್ಷರಾಗಿದ್ದರು. ನಗರಸಭೆಯಲ್ಲಿ ಕಲಿತ ವಿದ್ಯೆ ನಗರಸಭೆಯಲ್ಲಿಯೇ ಮುಗಿಯುವುದಿಲ್ಲವೆಂಬುದಕ್ಕೆ ಇದೊಂದು ನಿದರ್ಶನ.

ಈ ಸದಸ್ಯನ ದಿನಚರಿ ಹೇಗಿರುತ್ತದೆ? ಬೆಳಗಿನ ಜಾವ ಆತನ ಬಾಗಿಲು ತಟ್ಟುವವರು ನೀರು ಬರಲಿಲ್ಲವೆನ್ನುವವರು. ಬಳಿಕ ಕಸದ ಗಾಡಿ ಬಾರದ ಬೀದಿಯವರು, ವಿಧವಾ ವೇತನ ನಿಂತುಹೋದ ತಾಯಿ, ಖಾತೆ ಬದಲಾವಣೆಗಾಗಿ ಅಲೆದಾಡಿ ಬೇಸತ್ತ ಮುದುಕರು, ಶಾಲೆಯ ಶುಲ್ಕಕ್ಕೆ ನೆರವು ಕೇಳುವ ತಂದೆ. ಮಧ್ಯಾಹ್ನ ಇಂಜಿನಿಯರರೊಡನೆ ಕಾಮಗಾರಿಯ ತನಿಖೆ, ಇಲ್ಲವೇ ಸ್ಥಾಯೀ ಸಮಿತಿಯ ಸಭೆ. ತೆರಿಗೆ ಮತ್ತು ಹಣಕಾಸು, ಸಾರ್ವಜನಿಕ ಆರೋಗ್ಯ, ನಗರಯೋಜನೆ, ಲೆಕ್ಕಪತ್ರ ಮುಂತಾದ ವಿಷಯಗಳಿಗೆ ಒಂದೊಂದು ಸಮಿತಿಯಿದ್ದು, ಪಾಲಿಕೆಯ ನಿಜವಾದ ಕೆಲಸ ನಡೆಯುವುದು ಅಲ್ಲಿ. ಸಂಜೆಗೆ ಮದುವೆ, ಸಾವು, ನಾಮಕರಣ. ಇಷ್ಟಾದರೂ ಆತನ ಕೈಯಲ್ಲಿರುವ ಅಧಿಕಾರ ಜನ ಭಾವಿಸುವಷ್ಟಿಲ್ಲ. ಕಾರ್ಯಾಂಗದ ಮುಖ್ಯಸ್ಥರು ಸರ್ಕಾರ ನೇಮಿಸಿದ ಆಯುಕ್ತರು. ಕುಡಿಯುವ ನೀರು 1964ರಲ್ಲಿ ಸ್ಥಾಪಿತವಾದ ಜಲಮಂಡಲಿಗೆ ಸೇರಿದ್ದು. ಹೊಸ ಬಡಾವಣೆಗಳು 1976ರಲ್ಲಿ ಹುಟ್ಟಿದ ಅಭಿವೃದ್ಧಿ ಪ್ರಾಧಿಕಾರಕ್ಕೆ. ವಿದ್ಯುತ್ತು ಮತ್ತೊಂದು ಸಂಸ್ಥೆಗೆ. ಮೇಯರ್ ಪದವಿಯಾದರೋ ಬಹುಕಾಲ ಒಂದೇ ವರ್ಷದ್ದಾಗಿದ್ದು, 2020ರ ಶಾಸನದಿಂದ ಮೂವತ್ತು ತಿಂಗಳಿಗೆ ಏರಿತು. ಹೀಗೆ ಬೈಗುಳವೆಲ್ಲ ಸದಸ್ಯನ ಪಾಲಿಗೆ, ಕೀಲಿಕೈ ಮಾತ್ರ ಬೇರೆಯವರ ಸೊಂಟದಲ್ಲಿ. ಆದುದರಿಂದ ಒಳ್ಳೆಯ ಸದಸ್ಯನ ಸಾಮರ್ಥ್ಯವಿರುವುದು ಆಜ್ಞೆ ಮಾಡುವುದರಲ್ಲಿ ಅಲ್ಲ. ಕೇಳಿ, ಬರೆದು, ಮತ್ತೆ ಕೇಳಿ, ಕೆಲಸ ಮುಗಿಯುವವರೆಗೆ ಬಿಡದಿರುವುದರಲ್ಲಿ.

ನಗರದ ಅಂಚಿನಲ್ಲಿರುವ ಉಪನಗರದ ಸದಸ್ಯನ ಪಾಡಂತೂ ಮತ್ತಷ್ಟು ಕಷ್ಟದ್ದು. ನಮ್ಮ ಪೂರ್ವದಿಕ್ಕಿನ ಕೃಷ್ಣರಾಜಪುರವನ್ನೇ ತೆಗೆದುಕೊಳ್ಳೋಣ. ಅದು ಬಹುಕಾಲ ತನ್ನದೇ ಪುರಸಭೆ, ನಗರಸಭೆಗಳನ್ನು ಹೊಂದಿದ್ದ ಊರು. 2007ರಲ್ಲಿ ಏಳು ನಗರಸಭೆಗಳು, ಒಂದು ಪುರಸಭೆ ಮತ್ತು 110 ಹಳ್ಳಿಗಳನ್ನು ಹಳೆಯ ಪಾಲಿಕೆಯೊಡನೆ ಸೇರಿಸಿ ಬೃಹತ್ ಬೆಂಗಳೂರು ಮಹಾನಗರ ಪಾಲಿಕೆಯನ್ನು ರಚಿಸಿದಾಗ ಕೃಷ್ಣರಾಜಪುರವೂ, ನೆರೆಯ ಮಹದೇವಪುರವೂ ಅದರಲ್ಲಿ ಲೀನವಾದವು. ನಿನ್ನೆಯವರೆಗೆ ಊರಿನ ನಗರಸಭೆಗೆ ನಡೆದುಹೋಗಿ ಕೇಳುತ್ತಿದ್ದವರು ಮರುದಿನ ಹಡ್ಸನ್ ವೃತ್ತದವರೆಗೆ ಬಸ್ಸಿನಲ್ಲಿ ಬರಬೇಕಾಯಿತು. ಸೇರ್ಪಡೆಯಾದ ಮೇಲೂ 2010ರ ಮಾರ್ಚಿಯವರೆಗೆ ಚುನಾವಣೆ ನಡೆಯಲಿಲ್ಲ. ತೆರಿಗೆ ನಗರದ್ದಾಯಿತು, ನೀರು ಮಾತ್ರ ಹಳ್ಳಿಯ ಕೊಳವೆಬಾವಿಯದಾಗಿಯೇ ಉಳಿಯಿತು. ಆ 110 ಹಳ್ಳಿಗಳಿಗೆಂದು ಕೈಗೊಂಡ ಕಾವೇರಿ ಐದನೆಯ ಹಂತದ ಯೋಜನೆ ಉದ್ಘಾಟನೆಯಾದದ್ದು 2024ರ ಅಕ್ಟೋಬರಿನಲ್ಲಿ. ಕಾವೇರಿಯ ಮೊದಲ ಹಂತದ ನೀರು ನಗರಕ್ಕೆ ಬಂದದ್ದು 1974ರಲ್ಲಿ. ನಗರದ ನಡುಭಾಗಕ್ಕೂ ಅಂಚಿಗೂ ಇರುವ ಅಂತರ ಮೈಲಿಗಳದ್ದಲ್ಲ, ಐವತ್ತು ವರ್ಷಗಳದ್ದು.

ಕಸದ ಕಥೆಯೂ ಇಂತಹುದೇ. ಶಿವಾಜಿನಗರದ ಮಾರುಕಟ್ಟೆಯ ತಿಪ್ಪೆ, ಇಂದಿರಾನಗರದ ಉಪಾಹಾರ ಮಂದಿರಗಳ ಎಂಜಲು, ನಮ್ಮ ಹಬ್ಬದ ಊಟದ ಎಲೆ, ಇವೆಲ್ಲ ಎಲ್ಲಿಗೆ ಹೋಗುತ್ತವೆಂದು ನಾವು ಬಹುಕಾಲ ಕೇಳಲೇ ಇಲ್ಲ. ನಗರದ ಕಸದ ಬಹುಭಾಗ ಕೃಷ್ಣರಾಜಪುರದ ಆಚೆ ಮಂಡೂರಿಗೆ ಹೋಗುತ್ತಿದ್ದಿತು. ದುರ್ವಾಸನೆ, ನೊಣ, ಕೆಟ್ಟ ನೀರುಗಳಿಂದ ಬಸವಳಿದ ಆ ಹಳ್ಳಿಯವರು ಲಾರಿಗಳನ್ನು ತಡೆದು ಪ್ರತಿಭಟಿಸಿದ ಮೇಲೆಯೇ, 2014ರ ಕೊನೆಗೆ, ಅಲ್ಲಿ ಕಸ ಸುರಿಯುವುದು ನಿಂತಿತು. ಅವರ ಕೂಗು ನಮ್ಮ ಕಿವಿಗೆ ಅಷ್ಟು ತಡವಾಗಿ ಬಿದ್ದುದಕ್ಕೆ ನಾವೂ ಉತ್ತರ ಹೇಳಬೇಕು. ನೀರಿಗಂತೂ ವಾರ್ಡಿನ ಗಡಿಯೇ ಇಲ್ಲ. 2016ರ ಮಾರ್ಚಿಯಲ್ಲಿ ಹಲಸೂರು ಕೆರೆಯಲ್ಲಿ ಮೀನುಗಳು ರಾಶಿರಾಶಿಯಾಗಿ ಸತ್ತು ತೇಲಿದುದನ್ನು ನಮ್ಮಲ್ಲಿ ಅನೇಕರು ಮೂಗು ಮುಚ್ಚಿಕೊಂಡು ನೋಡಿದೆವು. ಆ ಕೆರೆಯ ನೀರು ಹರಿದು ಸೇರುವುದು ಬೆಳ್ಳಂದೂರಿನ ಕಡೆಗೆ. ಮೇಲಿನವರು ಬಿಟ್ಟ ಕೊಳೆಯನ್ನು ಕೆಳಗಿನವರು ಉಣ್ಣುವ ಈ ಅನ್ಯಾಯವನ್ನು ತಡೆಯುವುದು ಒಬ್ಬ ಸದಸ್ಯನಿಂದ ಆಗದು. ತನ್ನ ವಾರ್ಡನ್ನು ಮೀರಿ ನೋಡಬಲ್ಲ ಸದಸ್ಯರ ಸಭೆಯಿಂದ ಆಗಬೇಕು.

ಉಪನಗರದ ಸದಸ್ಯರೊಬ್ಬರ ಜೀವನ ಎಷ್ಟು ದೂರ ಹೋಗಬಹುದೆಂಬುದಕ್ಕೆ ಹೊರದೇಶದ ಒಂದು ಉದಾಹರಣೆಯನ್ನು ಕೊಡುತ್ತೇವೆ. ನಮ್ಮ ಧರ್ಮಕೇಂದ್ರದ ಎಷ್ಟೋ ಮನೆಗಳ ಮಕ್ಕಳು ಇಂದು ಕೆನಡಾ ದೇಶದಲ್ಲಿ ನೆಲೆಸಿರುವುದರಿಂದ ಇದು ನಿಮಗೆ ಪರಕೀಯವೆನಿಸಲಾರದು. ಟೊರಾಂಟೊ ನಗರದ ಮಗ್ಗುಲಿನಲ್ಲಿ ಸ್ಟ್ರೀಟ್ಸ್‌ವಿಲ್ ಎಂಬ ಚಿಕ್ಕ ಊರಿನ ಮೇಯರ್ ಆಗಿದ್ದ ಹೇಜಲ್ ಮೆಕ್ಯಾಲಿಯನ್ ಎಂಬ ಮಹಿಳೆ, ತಮ್ಮ ಊರು ದೊಡ್ಡ ನಗರದಲ್ಲಿ ಕರಗಿಹೋಗಬಾರದೆಂದು ಹೋರಾಡಿ ಸೋತರು. 1974ರಲ್ಲಿ ಆ ಊರು ಮಿಸಿಸಾಗ ನಗರದಲ್ಲಿ ಸೇರಿಹೋಯಿತು. ಆಕೆ ಮುನಿಸಿಕೊಂಡು ಮನೆ ಸೇರಲಿಲ್ಲ. ಅದೇ ನಗರದ ಸಭೆಗೆ ಸದಸ್ಯೆಯಾಗಿ ಹೋಗಿ, 1978ರಲ್ಲಿ ಮೇಯರ್ ಆಗಿ, 2014ರವರೆಗೆ ಮೂವತ್ತಾರು ವರ್ಷ ಆ ಪದವಿಯಲ್ಲಿದ್ದರು. ಮೇಯರ್ ಆದ ಮರುವರ್ಷ, 1979ರ ನವೆಂಬರ್ 10ರಂದು, ಕ್ಲೋರಿನ್ ಮುಂತಾದ ಅಪಾಯಕರ ವಸ್ತುಗಳನ್ನು ಹೊತ್ತ ಗೂಡ್ಸ್ ರೈಲೊಂದು ನಗರದ ನಡುವೆ ಹಳಿ ತಪ್ಪಿ ಹೊತ್ತಿಕೊಂಡಿತು. ಎರಡು ಲಕ್ಷಕ್ಕೂ ಹೆಚ್ಚು ಜನರನ್ನು ಮನೆ ಬಿಡಿಸಿ ಸುರಕ್ಷಿತ ಸ್ಥಳಕ್ಕೆ ಕಳುಹಿಸಲಾಯಿತು. ಒಂದು ಜೀವವೂ ಹೋಗಲಿಲ್ಲ. ಪಾದ ಉಳುಕಿದ್ದರೂ ಆಕೆ ಕುಂಟುತ್ತಲೇ ಓಡಾಡಿದರು. 2023ರ ಜನವರಿಯಲ್ಲಿ ತಮ್ಮ 101ನೆಯ ವಯಸ್ಸಿನಲ್ಲಿ ತೀರಿಕೊಂಡರು. ಆ ದೇಶದ ಆ ಪ್ರಾಂತದಲ್ಲಿ ನಗರಸಭೆಯ ಚುನಾವಣೆಗಳು ಪಕ್ಷಗಳ ಚಿಹ್ನೆಯ ಮೇಲೆ ನಡೆಯುವುದಿಲ್ಲವೆಂಬುದೂ ಗಮನಿಸಬೇಕಾದ ವಿಷಯ. ನಮ್ಮಲ್ಲಿ ಹಾಗಿಲ್ಲ. ಆದರೆ ಪಕ್ಷ ಯಾವುದೇ ಇರಲಿ, ಕಷ್ಟದ ದಿನ ಬೀದಿಯಲ್ಲಿ ಕಾಣಿಸಿಕೊಂಡವರನ್ನು ಜನ ಮರೆಯುವುದಿಲ್ಲ. ಈ ನಿಯಮ ಎಲ್ಲ ದೇಶಗಳಿಗೂ ಒಂದೇ.

ಈಗ ನಮ್ಮ ವಿಶ್ವಾಸದ ಕಡೆಗೆ ತಿರುಗೋಣ. ‘ರಾಜಕೀಯ ನಮಗೆ ಹೇಳಿದ್ದಲ್ಲ ಸ್ವಾಮಿ, ಅದು ಕೊಳಕು’ ಎಂಬ ಮಾತನ್ನು ನಮ್ಮ ಮನೆಗಳಲ್ಲಿ ಪದೇ ಪದೇ ಕೇಳುತ್ತೇವೆ. ಕೊಳಕನ್ನು ತೆಗೆಯುವ ಸಭೆಗೆ ಕೊಳಕೆಂದು ಹೋಗದಿರುವುದು ವಿಚಿತ್ರವಾದ ತರ್ಕ. ಪವಿತ್ರ ಬೈಬಲಿನಲ್ಲಿ ನೆಹೆಮೀಯನ ಗ್ರಂಥವನ್ನು ತೆರೆದು ಅದರ ಮೂರನೆಯ ಅಧ್ಯಾಯವನ್ನು ನಿಧಾನವಾಗಿ ಓದಿರಿ. ಅರಸನ ಪಾನಸೇವಕನಾಗಿದ್ದವನು ಪಾಳುಬಿದ್ದ ಜೆರುಸಲೇಮಿಗೆ ಬಂದು, ರಾತ್ರಿಯಲ್ಲಿ ಸದ್ದಿಲ್ಲದೆ ಗೋಡೆಗಳನ್ನು ಸುತ್ತಿ ನೋಡಿ, ಬಳಿಕ ಜನರಿಗೆ ಕೆಲಸ ಹಂಚಿದನು. ಆ ಅಧ್ಯಾಯ ಒಂದು ಕಾಮಗಾರಿಯ ಪಟ್ಟಿಯೇ ಸರಿ. ಯಾರು ಯಾವ ಬಾಗಿಲನ್ನು ಕಟ್ಟಿದರು, ಯಾರು ತಮ್ಮ ಮನೆಯ ಎದುರಿನ ಗೋಡೆಯನ್ನು ಸರಿಪಡಿಸಿದರು ಎಂಬುದೆಲ್ಲ ಅದರಲ್ಲಿದೆ. ಶಲ್ಲೂಮನೊಡನೆ ಆತನ ಹೆಣ್ಣುಮಕ್ಕಳೂ ದುಡಿದರು. ಒಂದು ಪ್ರದೇಶದ ಅಧಿಪತಿಯಾಗಿದ್ದ ಮಲ್ಕೀಯನು ಕಟ್ಟಿದ್ದು ತಿಪ್ಪೆಬಾಗಿಲನ್ನು. ತೆಕೋವದ ಪ್ರಮುಖರು ಮಾತ್ರ ಆ ಕೆಲಸಕ್ಕೆ ಹೆಗಲು ಕೊಡಲಿಲ್ಲ. ಅದನ್ನೂ ಗ್ರಂಥ ಬರೆದಿಟ್ಟಿದೆ. ಇಷ್ಟು ಶತಮಾನಗಳಾದ ಮೇಲೂ ನಮಗೆ ತಿಳಿದಿರುವುದು ಇವೇ ಎರಡು ಸಂಗತಿಗಳು: ತಿಪ್ಪೆಬಾಗಿಲನ್ನು ಕಟ್ಟಿದವನ ಹೆಸರು, ಹೆಗಲು ಕೊಡದವರ ಊರಿನ ಹೆಸರು. ನಮ್ಮ ಧರ್ಮಕೇಂದ್ರದ ಹೆಸರನ್ನು ನಾವು ಯಾವ ಸಾಲಿನಲ್ಲಿ ಬರೆಸಿಕೊಳ್ಳಬೇಕು?

ಸಂತ ಥಾಮಸ್ ಮೋರ್ ಅವರನ್ನು ನಾವು ಅರಸನಿಗೆ ಮಣಿಯದೆ 1535ರಲ್ಲಿ ತಲೆಯೊಪ್ಪಿಸಿದ ಹುತಾತ್ಮರೆಂದು ಬಲ್ಲೆವು. ಆದರೆ ಅವರು ಇಂಗ್ಲೆಂಡಿನ ಮಹಾಮಂತ್ರಿಯಾಗುವುದಕ್ಕೆ ಎಷ್ಟೋ ಮೊದಲು, 1510ರಿಂದ, ಲಂಡನ್ ನಗರದ ಉಪಷರೀಫರಾಗಿ ಬಡವರ ವ್ಯಾಜ್ಯಗಳನ್ನು ಕೇಳುತ್ತಿದ್ದರು. 1514ರಲ್ಲಿ ಥೇಮ್ಸ್ ನದಿಯ ದಡದ ಕಾಲುವೆ ಚರಂಡಿಗಳ ಮೇಲ್ವಿಚಾರಣೆಯ ಆಯೋಗದಲ್ಲಿಯೂ ಇದ್ದರು. ಚರಂಡಿಯನ್ನು ನೋಡಿಕೊಂಡವರೇ ಸಂತರಾದರು. 2000ನೆಯ ಇಸವಿಯಲ್ಲಿ ಜಗದ್ಗುರು ಎರಡನೆಯ ಜಾನ್ ಪಾಲರು ಅವರನ್ನು ರಾಜ್ಯಾಡಳಿತಗಾರರ ಮತ್ತು ರಾಜಕಾರಣಿಗಳ ಪಾಲಕಸಂತರೆಂದು ಸಾರಿದರು. ನಮ್ಮ ಕಾಲಕ್ಕೆ ಹತ್ತಿರದವರೆಂದರೆ ಇಟಲಿಯ ಜಾರ್ಜಿಯೊ ಲಾ ಪಿರಾ. 1951ರಲ್ಲಿ ಫ್ಲಾರೆನ್ಸ್ ನಗರದ ಮೇಯರ್ ಆದ ಅವರು ಮನೆಯಿಲ್ಲದವರಿಗಾಗಿ ಖಾಲಿ ಬಿದ್ದ ಮನೆಗಳನ್ನು ತೆರೆಸಿದರು. ತಾವು ಮಾತ್ರ ಸನ್ಯಾಸಿಗಳ ಮಠದ ಸರಳ ಜೀವನವನ್ನೇ ನಡೆಸಿದರು. ಧರ್ಮಸಭೆ 2018ರಲ್ಲಿ ಅವರನ್ನು ಪೂಜ್ಯರೆಂದು ಘೋಷಿಸಿತು.

ಎರಡನೆಯ ವ್ಯಾಟಿಕನ್ ಮಹಾಸಭೆಯು 1965ರಲ್ಲಿ ಆಧುನಿಕ ಜಗತ್ತಿನಲ್ಲಿ ಧರ್ಮಸಭೆಯ ಪಾತ್ರವನ್ನು ಕುರಿತ ತನ್ನ ಸಂವಿಧಾನದಲ್ಲಿ, ಸಾರ್ವಜನಿಕ ಹಿತಕ್ಕಾಗಿ ಅಧಿಕಾರದ ಭಾರ ಹೊರುವವರ ಕಾರ್ಯವನ್ನು ಪ್ರಶಂಸೆಗೆ ಅರ್ಹವೆಂದು ಸಾರಿತು. ಜಗದ್ಗುರು ಫ್ರಾನ್ಸಿಸರು 2020ರ ತಮ್ಮ ವಿಶ್ವಪತ್ರದಲ್ಲಿ ರಾಜಕಾರ್ಯವೂ ಪ್ರೀತಿಯ ಒಂದು ರೂಪವಾಗಬಲ್ಲದೆಂದು ವಿವರಿಸಿದರು. ಮುದುಕಿಯೊಬ್ಬಳನ್ನು ಕೈಹಿಡಿದು ಹಳ್ಳ ದಾಟಿಸುವುದು ದಯೆ. ಆ ಹಳ್ಳಕ್ಕೆ ಸೇತುವೆ ಕಟ್ಟಿಸುವುದೂ ದಯೆಯೇ. ಬಾಯಾರಿದವರಿಗೆ ನೀರು ಕೊಡುವುದು, ನೆಲೆಯಿಲ್ಲದವರಿಗೆ ಆಶ್ರಯ ಕೊಡುವುದು, ಮೃತರನ್ನು ಮಣ್ಣುಮಾಡುವುದು ಮುಂತಾದ ದಯಾಕಾರ್ಯಗಳನ್ನು ನಾವು ಧರ್ಮೋಪದೇಶದ ತರಗತಿಯಲ್ಲಿ ಬಾಯಿಪಾಠ ಮಾಡಿದ್ದೇವೆ. 1993ರಲ್ಲಿ ಜಾರಿಗೆ ಬಂದ ಸಂವಿಧಾನದ 74ನೆಯ ತಿದ್ದುಪಡಿಯು ನಗರಸಭೆಗಳಿಗೆ ವಹಿಸಬಹುದಾದ ಹದಿನೆಂಟು ಕಾರ್ಯಗಳನ್ನು ಪಟ್ಟಿ ಮಾಡಿದೆ: ನೀರು ಸರಬರಾಜು, ಸಾರ್ವಜನಿಕ ಆರೋಗ್ಯ, ಕೊಳೆಗೇರಿಗಳ ಸುಧಾರಣೆ, ದುರ್ಬಲರ ಹಿತರಕ್ಷಣೆ, ಸ್ಮಶಾನಗಳು, ಬೀದಿಯ ದೀಪ ಇತ್ಯಾದಿ. ಎರಡು ಪಟ್ಟಿಗಳನ್ನು ಪಕ್ಕಪಕ್ಕದಲ್ಲಿ ಇಟ್ಟು ನೋಡಿದವರಿಗೆ ಹೆಚ್ಚಿನ ವಿವರಣೆ ಬೇಡ.

ಆದರೆ ಒಂದು ಎಚ್ಚರಿಕೆಯ ಮಾತನ್ನೂ ಹೇಳಬೇಕು. ಧರ್ಮಸಭೆಯ ನಿಯಮಸಂಹಿತೆ ಗುರುಗಳು ಲೌಕಿಕ ಅಧಿಕಾರದ ಪದವಿಗಳನ್ನು ಹೊಂದುವುದನ್ನು ನಿಷೇಧಿಸಿದೆ. ಇದು ಶ್ರೀಸಾಮಾನ್ಯರಾದ ನಿಮ್ಮ ಕ್ಷೇತ್ರ. ಬಲಿಪೀಠದಿಂದ ಮತಯಾಚನೆ ನಡೆಯಕೂಡದು. ‘ನಮ್ಮವನು’ ಎಂಬ ಒಂದೇ ಕಾರಣಕ್ಕೆ ಅಯೋಗ್ಯನನ್ನು ಬೆಂಬಲಿಸಕೂಡದು. ಕಥೋಲಿಕ ಸದಸ್ಯನು ಕಥೋಲಿಕರ ಸದಸ್ಯನಲ್ಲ. ಮಸೀದಿಯ ಬೀದಿಯ ಕಸವನ್ನೂ ದೇವಸ್ಥಾನದ ಬೀದಿಯ ದೀಪವನ್ನೂ ತನ್ನ ದೇವಾಲಯದ ಬೀದಿಯಷ್ಟೇ ಕಾಳಜಿಯಿಂದ ನೋಡಬಲ್ಲವನಾದರೆ ಮಾತ್ರ ಆತ ಶುಭಸಂದೇಶಕ್ಕೆ ಸಾಕ್ಷಿಯಾದಾನು. ದಂಡುಪ್ರದೇಶದ ಸಂಪ್ರದಾಯವೂ ಇದೇ. ಆರ್ಕಾಟ್ ನಾರಾಯಣಸ್ವಾಮಿ ಮೊದಲಿಯಾರರು 1873ರಲ್ಲಿ ಇಲ್ಲಿ ಬಡಮಕ್ಕಳಿಗೆಂದು ಶಾಲೆ ತೆರೆದರು. ಹಾಜಿ ಸರ್ ಇಸ್ಮಾಯಿಲ್ ಸೇಠರ ಔದಾರ್ಯದಿಂದ ಗೋಷಾ ಆಸ್ಪತ್ರೆ ಬಂದಿತು. ನಮ್ಮ ಶಾಲೆ ಆಸ್ಪತ್ರೆಗಳ ಬಾಗಿಲುಗಳೂ ಎಲ್ಲರಿಗೂ ತೆರೆದಿವೆ.

ಸೆಪ್ಟೆಂಬರ್ 8ರ ಮಾತೆ ಮರಿಯಮ್ಮನವರ ಹಬ್ಬವನ್ನು ನೆನೆಯಿರಿ. ಶಿವಾಜಿನಗರದ ಬೀದಿಗಳಲ್ಲಿ ಕಾವಿಯುಟ್ಟು ನಡೆದು ಬರುವ ಭಕ್ತರಲ್ಲಿ ಎಲ್ಲ ಮತದವರೂ ಇದ್ದಾರೆ. ಅವರಿಗೆ ಕುಡಿಯುವ ನೀರಿನ ತೊಟ್ಟಿ, ಬೀದಿಗೆ ದೀಪ, ತೇರಿನ ದಾರಿಗೆ ಮುಚ್ಚಿದ ಗುಂಡಿ, ಇವೆಲ್ಲ ಯಾರೋ ಒಬ್ಬರು ಕೇಳಿದುದರಿಂದ ಆದವು. ತೇರು ಹಿಂತಿರುಗಿದ ಮೇಲೆ, ನಾವೆಲ್ಲ ಮಲಗಿರುವಾಗ, ಬೆಳಗಿನ ಜಾವದ ಚಳಿಯಲ್ಲಿ ಆ ಬೀದಿಯನ್ನು ಗುಡಿಸುವವರು ಪೌರಕಾರ್ಮಿಕ ತಾಯಂದಿರು. ಅವರ ಕೂಲಿ, ಅವರ ಕೈಗವಸು, ಅವರ ಮಕ್ಕಳ ಶಾಲೆ ನಗರಸಭೆಯಲ್ಲಿ ಚರ್ಚೆಯಾಗಬೇಕಾದ ವಿಷಯಗಳು. ಅಲ್ಲಿ ಅವರ ಪರವಾಗಿ ಒಂದು ದನಿ ಬೇಡವೇ?

ಈ ಪ್ರಶ್ನೆ ಇಂದು ಬರಿಯ ಉಪದೇಶದ ಪ್ರಶ್ನೆಯಲ್ಲ. 2015ರಲ್ಲಿ ಆರಿಸಿಬಂದ 198 ಸದಸ್ಯರ ಅವಧಿ 2020ರ ಸೆಪ್ಟೆಂಬರ್ 10ರಂದು ಮುಗಿಯಿತು. ಹೊಸ ಚುನಾವಣೆ ನಡೆಯಲಿಲ್ಲ. 2021ರ ಏಪ್ರಿಲ್ ಮತ್ತು ಮೇ ತಿಂಗಳುಗಳಲ್ಲಿ ಕೋವಿಡ್ಡಿನ ಎರಡನೆಯ ಅಲೆ ಬಡಿದಾಗ, ಆಸ್ಪತ್ರೆಯ ಹಾಸಿಗೆಗಾಗಿ, ಆಮ್ಲಜನಕಕ್ಕಾಗಿ, ಕೊನೆಗೆ ಸ್ಮಶಾನದ ಸರದಿಗಾಗಿ ನಾವು ಅಲೆದ ದಿನಗಳಲ್ಲಿ, ಈ ಮಹಾನಗರದ ಯಾವ ವಾರ್ಡಿನಲ್ಲಿಯೂ ಅಧಿಕಾರದಲ್ಲಿರುವ ಸದಸ್ಯನಿರಲಿಲ್ಲ. ಮಾಜಿ ಸದಸ್ಯರು ಅನೇಕರು ಓಡಾಡಿದರು, ನಿಜ. ಆದರೆ ಕೇಳುವ ಹಕ್ಕುಳ್ಳವರು ಇರಲಿಲ್ಲ. 2025ರ ಸೆಪ್ಟೆಂಬರಿನಲ್ಲಿ ಹಳೆಯ ಪಾಲಿಕೆಯ ಸ್ಥಾನದಲ್ಲಿ ಐದು ಪಾಲಿಕೆಗಳು ಹುಟ್ಟಿದಾಗ, ಚುನಾಯಿತ ಸಭೆಯಿಲ್ಲದೆ ಐದು ವರ್ಷಗಳು ಕಳೆದಿದ್ದವು. ಅಧಿಕಾರಿಗಳು ದಕ್ಷರಿರಬಹುದು. ಆದರೆ ಅಧಿಕಾರಿಗೆ ವರ್ಗವಾಗುತ್ತದೆ, ನೆರೆಯವನಿಗೆ ವರ್ಗವಿಲ್ಲ. ಆತನನ್ನು ನಾಳೆ ಬೆಳಿಗ್ಗೆ ಹಾಲಿನ ಅಂಗಡಿಯ ಮುಂದೆ ನಿಲ್ಲಿಸಿ ಕೇಳಬಹುದು. ಈ ಹಕ್ಕನ್ನು ಕಳೆದುಕೊಂಡಾಗ ನಮ್ಮಲ್ಲಿ ಎಷ್ಟು ಮಂದಿ ಅದನ್ನು ಗಮನಿಸಿದೆವು?

ದೋಷ ಆಳುವವರದಷ್ಟೇ ಅಲ್ಲ. ಸದಸ್ಯನನ್ನು ಕೆಡಿಸುವವರು ನಾವೇ. ನಕ್ಷೆ ಮೀರಿ ಕಟ್ಟಿದ ಮಹಡಿಗೆ ರಕ್ಷಣೆ ಕೇಳುತ್ತೇವೆ. ಚರಂಡಿಯ ಮೇಲೆ ಚಾಚಿದ ಮೆಟ್ಟಿಲನ್ನು ಮುಟ್ಟಬೇಡವೆನ್ನುತ್ತೇವೆ. ಹಬ್ಬಕ್ಕೆ ಚಂದಾ ಕೇಳಿ, ಆ ಹಣ ಎಲ್ಲಿಂದ ಬಂದಿತೆಂದು ಕೇಳುವುದಿಲ್ಲ. ಬಳಿಕ ‘ಎಲ್ಲರೂ ಕಳ್ಳರು’ ಎಂದು ನಿಟ್ಟುಸಿರುಬಿಟ್ಟು ಮತದಾನದ ದಿನ ಮನೆಯಲ್ಲಿ ಮಲಗುತ್ತೇವೆ. ಪಾಪನಿವೇದನೆಯ ಪೀಠದಲ್ಲಿ ಈ ಪಾಪಗಳ ಹೆಸರು ಅಪರೂಪವಾಗಿಯೇ ಕೇಳಿಬರುತ್ತದೆಂದು ಗುರುಗಳನ್ನು ಕೇಳದೆಯೇ ನಾವು ಊಹಿಸಬಲ್ಲೆವು.

ಶತಮಾನೋತ್ಸವದ ನೆನಪಿಗಾಗಿ ಕಲ್ಲಿನ ಸ್ಮಾರಕದ ಜೊತೆಗೆ ನಾವು ಮೂರು ಸಂಕಲ್ಪಗಳನ್ನು ಮಾಡಬಹುದು. ಮೊದಲನೆಯದು, ಹದಿನೆಂಟು ತುಂಬಿದ ನಮ್ಮ ಪ್ರತಿಯೊಬ್ಬ ಯುವಕ ಯುವತಿಯ ಹೆಸರೂ ಮತದಾರರ ಪಟ್ಟಿಯಲ್ಲಿದೆಯೇ ಎಂದು ಪಾಲನಾ ಸಮಿತಿಯವರು ನೋಡಿಕೊಳ್ಳುವುದು. ಎರಡನೆಯದು, ಕಾನೂನು ಒದಗಿಸಿರುವ ವಾರ್ಡು ಸಮಿತಿಯ ಸಭೆಗಳಿಗೆ ನಮ್ಮಲ್ಲಿ ಇಬ್ಬರು ಮೂವರಾದರೂ ತಪ್ಪದೆ ಹೋಗಿ, ಕೇಳಿ, ಬರೆದುಕೊಂಡು ಬರುವುದು. ಚುನಾವಣೆಗೆ ನಿಲ್ಲುವುದು ಅಲ್ಲಿಂದ ಒಂದೇ ಮೆಟ್ಟಿಲು. ಮೂರನೆಯದು ನಮ್ಮ ಸಹೋದರಿಯರಿಗೆ. 2015ರ ಚುನಾವಣೆಯಲ್ಲಿ ಪಾಲಿಕೆಯ ಅರ್ಧದಷ್ಟು ಸ್ಥಾನಗಳು ಮಹಿಳೆಯರಿಗೆ ಮೀಸಲಾಗಿದ್ದವು. ಸಂತ ವಿನ್ಸೆಂಟ್ ದೆ ಪಾಲ್ ಸಭೆಯಲ್ಲಿ, ಮರಿಯ ಸಭೆಗಳಲ್ಲಿ ಮನೆಮನೆಗೆ ಹೋಗಿ ಬಡವರ ಕಷ್ಟ ಬಲ್ಲ ನಿಮಗಿಂತ ಆ ಪೀಠಕ್ಕೆ ಯೋಗ್ಯರು ಬೇರೆ ಯಾರು? ಹೆಸರು ಕೂಗಿದಾಗ ಅಡಿಗೆಮನೆಗೆ ಓಡಿಹೋಗಬೇಡಿರಿ.

ನೂರು ವರ್ಷಗಳ ಹಿಂದೆ ಈ ದೇವಾಲಯಕ್ಕಾಗಿ ಕಲ್ಲು ಹೊತ್ತವರಲ್ಲಿ ಬಹುಮಂದಿಗೆ ಮತದ ಹಕ್ಕು ಇರಲಿಲ್ಲ. ಅವರು ಬೇಡಿಕೊಳ್ಳಬೇಕಿತ್ತು, ನಾವು ಕೇಳಬಹುದು, ಆರಿಸಬಹುದು, ಆರಿಸಿಬರಬಹುದು. ಅವರು ತಮ್ಮ ಪಾಲಿನ ಗೋಡೆಯನ್ನು ಕಟ್ಟಿ ಹೋದರು. ನಮ್ಮ ಮನೆಯ ಎದುರಿನ ಗೋಡೆ ಇನ್ನೂ ಬಾಕಿ ಇದೆ. ಅದನ್ನು ಕಟ್ಟುವ ಮನಸ್ಸನ್ನೂ ಬಲವನ್ನೂ ಸರ್ವೇಶ್ವರನು ನಮಗೂ ನಮ್ಮ ಮಕ್ಕಳಿಗೂ ಕರುಣಿಸಲಿ. ಮಾತೆ ಮರಿಯಮ್ಮನವರು ನಮಗಾಗಿ ಪ್ರಾರ್ಥಿಸಲಿ.